ಅಂಗಳದ ಸೀತಾ ಅಶೋಕ ಯಾಕ ಸೊರಗೇತಿ? ಎಲಿ, ಮಣ್ಣು, ನೀರು ನೋಡಿ ದೋಷ ಹಿಡಿಯೂದು

ನಮ್ಮ ಮನಿ ಹುಬ್ಬಳ್ಳಿ ಕೇಶ್ವಾಪುರದಾಗ, ಅಕ್ಕನ ಮನಿ ಧಾರವಾಡ ಸಾಧನಕೇರಿ ಕಡೆ. ಹನ್ನೊಂದು ವರ್ಷದ ಹಿಂದ ಶಿರಸಿಯಿಂದ ಬರೂ ಮುಂದ ಎರಡು ಸೀತಾ ಅಶೋಕದ ಸಸಿ ತಂದು ಒಂದು ಅಕ್ಕಗ ಕೊಟ್ಟೆ, ಒಂದು ನಾ ಹಚ್ಚಿದೆ. ಒಂದೇ ತಾಯಿಗಿಡದ ಬೀಜ, ಒಂದೇ ಎತ್ತರ, ಒಂದೇ ನಮೂನಿ ಪಾಲಿಥಿನ್ ಚೀಲ. ಅಕ್ಕನ ಗಿಡ ಏಳನೇ ವರ್ಷಕ್ಕ ಹೂ ಬಿಟ್ತು, ನಂದು ಎರಡು ಸಲ ಸಾಯೂ ಹಂತಕ್ಕ ಹೋಗಿ ವಾಪಸ್ ಬಂತು. ನಡುವಿನ ದೂರ ಬರೇ ಇಪ್ಪತ್ತು ಕಿಲೋಮೀಟರ್. ಆ ಇಪ್ಪತ್ತು ಕಿಲೋಮೀಟರಿನಾಗ ಏನು ಬದಲಾಗೇತಿ ಅನ್ನೂದು ಗೊತ್ತಾಗಾಕ ನನಗ ವರ್ಷಗಟ್ಲೆ ಹಿಡೀತು, ಅದನ್ನ ಇಲ್ಲಿ ಬರದಿಡ್ತೀನಿ, ಯಾಕಂದ್ರ ಈಗ ಭಾಳ ಮಂದಿ ಈ ಗಿಡ ಹಚ್ಚಾಕತ್ಯಾರ ಮತ್ತ ಎಲಿ ಒಂಚೂರು ಕಂದು ಆದ್ ಕೂಡ್ಲೆ ಔಷಧಿ ಅಂಗಡಿಗೆ ಓಡ್ತಾರ.

ಮೊದಲು ಒಂದು ಮಾತು ತಲಿಯಾಗ ಇಟ್ಕೊಳ್ರಿ. ಇದು ಘಟ್ಟದ ನಿತ್ಯಹಸಿರು ಕಾಡಿನ ಗಿಡ, ಅದೂ ಹಳ್ಳದ ದಂಡಿ, ದೊಡ್ಡ ಮರಗಳ ನೆರಳು, ಕೊಳೆತ ಎಲಿಯ ಹಾಸಿಗಿ, ನೀರು ಹರಕೋತ ಹೋಗೂ ಸಡಿಲ ಮಣ್ಣು, ಇಂಥಲ್ಲೇ ತಾನಾಗೇ ಹುಟ್ಟೂದು. ಆ ಕಾಡಿನಾಗ ವರ್ಷಕ್ಕ 2000 ಮಿ.ಮೀ. ದಾಟಿ ಮಳಿ ಬೀಳೂದು ಮಾಮೂಲಿ, ನಮ್ಮ ಹುಬ್ಬಳ್ಳಿ-ಧಾರವಾಡಕ್ಕ 700-800, ಗದಗ ಕಡೆ ಹೋದ್ರ ಇನ್ನೂ ಕಡಿಮಿ. ಅಂದಮ್ಯಾಲ ಇಲ್ಲಿ ಈ ಗಿಡಕ್ಕ ಬರೂ ಹತ್ತು ತ್ರಾಸಿನಾಗ ಎಂಟು ತ್ರಾಸು ರೋಗ ಅಲ್ಲ, ಹುಳ ಅಲ್ಲ, ಜಾಗದ್ದು. ಔಷಧಿ ಹೊಡದ್ರ ಜಾಗ ಬದಲಾಗೂದಿಲ್ಲ. ಹಂಗಂತ ಕೈ ಚೆಲ್ಲಿ ಕುಂದ್ರೂದೂ ಬ್ಯಾಡ, ಏನು ಕಡಿಮಿ ಬಿದ್ದೈತಿ ಅಂತ ಗಿಡಾನ ಹೇಳ್ತೈತಿ, ನಾವು ಸರಿಯಾದ ಎಲಿ ನೋಡ್ಬೇಕು ಅಷ್ಟ.

ಮೊದಲು: ಅದು ಸೀತಾ ಅಶೋಕ ಹೌದೋ ಅಲ್ಲೋ

ಇದನ್ನ ಕೇಳಿದ್ರ ಸಿಟ್ಟಿಗೇಳಬ್ಯಾಡ್ರಿ. ನನಗ "ಅಶೋಕದ ಗಿಡ ಹತ್ತು ವರ್ಷ ಆತು, ಕೆಂಪು ಹೂ ಬಿಟ್ಟಿಲ್ಲ" ಅಂತ ಫೋಟೋ ಕಳಿಸಿದವರಾಗ ಅರ್ಧಕ್ಕರ್ಧ ಮಂದಿದು ಕಂಬದ ಮರ. ಕಾಲೇಜು, ಆಫೀಸು, ಕಲ್ಯಾಣಮಂಟಪದ ಕಂಪೌಂಡ್ ಗುಂಟ ನೆಟ್ಟಗ ಕಂಬದಂಗ ನಿಂತಿರ್ತಾವಲ್ಲ, ಅದನ್ನ ಎಲ್ಲಾರೂ ಅಶೋಕ ಅಂತಾನ ಕರೀತಾರ, ನರ್ಸರಿಯವರೂ ಹಂಗ ಮಾರ್ತಾರ. ಅದು ಸೀತಾಫಲದ ಬಳಗದ್ದು, ಇದು ಹುಣಸಿ, ತೊಗರಿ, ಹೊಂಗಿ ಇರೂ ದ್ವಿದಳ ಬಳಗದ್ದು. ಸಂಬಂಧಾನ ಇಲ್ಲ.

ಗುರ್ತು ಹಿಡಿಯೂದು ಸಸಾರ. ಒಂದು ಎಲಿ ಕಿತ್ತು ನೋಡ್ರಿ. ಕಂಬದ ಮರದ್ದು ಒಂಟಿ ಎಲಿ, ಉದ್ದಕ, ಅಂಚು ಅಲೆ ಅಲೆಯಾಗಿ ಮಡಚಿರ್ತೈತಿ. ಸೀತಾ ಅಶೋಕದ್ದು ಒಂದ ಕಡ್ಡಿಗೆ ನಾಕರಿಂದ ಆರು ಜೋಡಿ ಎಲಿ ಎದುರುಬದುರು, ತುದಿಗೆ ಒಂಟಿ ಎಲಿ ಇರೂದಿಲ್ಲ, ಅಂಚು ನುಣ್ಣಗ. ಹೂವಂತೂ ಕೇಳೂದ ಬ್ಯಾಡ, ಕಂಬದ ಮರದ್ದು ಹಸಿರು ನಕ್ಷತ್ರದಂಥ ಸಣ್ಣ ಹೂ, ಎಲಿ ನಡುವ ಕಣ್ಣಿಗೂ ಬೀಳೂದಿಲ್ಲ. ಸೀತಾ ಅಶೋಕದ್ದು ಕೇಸರಿ ಗೊಂಚಲು, ದಿನ ಹೋದಂಗ ಕೆಂಪಗ ಆಗ್ತೈತಿ, ಉದ್ದ ಕೇಸರ ಹೊರಗ ಚಾಚಿರ್ತಾವು. ಅದಕ್ಕ ಪಕಳಿನ ಇಲ್ಲ, ನಾವು ಪಕಳಿ ಅನ್ಕೊಳ್ಳೂದು ಬಣ್ಣ ಬಂದ ಪುಷ್ಪಪಾತ್ರೆ. ನಿಮ್ಮದು ಕಂಬದ ಮರ ಆಗಿದ್ರ ಇಲ್ಲಿಗೇ ನಿಲ್ರಿ, ನಿಮ್ಮ ಗಿಡಕ್ಕ ಏನೂ ಆಗಿಲ್ಲ, ಅದು ಕೆಂಪು ಹೂ ಬಿಡೂ ಜಾತಿನ ಅಲ್ಲ.

ಹೊಸ ಚಿಗುರು ಜೋತು ಬಿದ್ದೈತಿ, ಬಣ್ಣ ತಾಮ್ರದ್ದು

ಇದು ದೋಷ ಅಲ್ಲ. ನಾನ ಮೊದಲನೇ ವರ್ಷ ಇದನ್ನ ನೋಡಿ ಗಾಬರಿಯಾಗಿ ದಿನಕ್ಕ ಎರಡು ಸಲ ನೀರು ಹಾಕಿದೆ, ಆ ನೀರ ಗಿಡಕ್ಕ ಮುಳುವಾತು. ಈ ಜಾತಿ ಗಿಡದಾಗ ಹೊಸ ಎಲಿ ಒದ್ದಿ ಅರಿವಿ ಒಣಗಾಕ ಹಾಕಿದಂಗ ಮೆತ್ತಗ ಕೆಳಗ ಜೋತು ಬೀಳ್ತಾವು, ಬಣ್ಣ ತಿಳಿಗೆಂಪು, ನೇರಳೆ ಅಥವಾ ತಾಮ್ರ. ಸ್ವಲ್ಪ ದಿನದಾಗ ಹಸಿರಾಗಿ ಬಿರುಸಾಗಿ ಮ್ಯಾಲೇಳ್ತಾವು. ಖರೇನ ಬಾಡೇತೋ ಇಲ್ಲೋ ಅಂತ ನೋಡ್ಬೇಕಂದ್ರ ಚಿಗುರು ಬಿಟ್ಟು ಅದರ ಕೆಳಗಿನ ಹಳೆ ಎಲಿ ಮುಟ್ರಿ. ಹಳೆ ಎಲಿ ಬಿರುಸಾಗಿ ಹಸಿರಾಗಿ ಇದ್ರ ಗಿಡ ಆರಾಮ ಐತಿ. ಹಳೆ ಎಲಿನೂ ಮೆತ್ತಗ ಆಗಿದ್ರ ಮುಂದ ಓದ್ರಿ.

ಹಸಿ ಮಣ್ಣಿದ್ರೂ ಗಿಡ ಬಾಡೂದು

ನಮ್ಮ ಭಾಗದಾಗ ಈ ಗಿಡ ಕೊಲ್ಲೂದ್ರಾಗ ಇದ ಮೊದಲನೇದು. ಕೇಶ್ವಾಪುರದಾಗ ನಮ್ಮ ಅಂಗಳ ಎರಿ ಮಣ್ಣು. ಮನಿ ಕಟ್ಟೂ ಮುಂದ ಮ್ಯಾಲ ಒಂದಡಿ ಕೆಂಪು ಗರಸು ಹಾಕಿಸಿದ್ದೆವು, ಅದನ್ನ ನೋಡಿ ಮಣ್ಣು ಚಲೋ ಐತಿ ಅನ್ಕೊಂಡಿದ್ದೆ. ತೆಗ್ಗು ತಗದು, ಅದಕ್ಕ ತಿಪ್ಪಿಗೊಬ್ಬರ, ಮರಳು, ಕೆಂಪು ಮಣ್ಣು ಎಲ್ಲಾ ತುಂಬಿ ಗಿಡ ಹಚ್ಚಿದೆ. ಆದ್ರ ಸುತ್ತ ಎರಿ ಮಣ್ಣು ಹಂಡೆ ಇದ್ದಂಗ, ನಡುವ ನಾ ತುಂಬಿದ ಮೆತ್ತನ ಮಣ್ಣು. ಮಳಿ ನೀರು ತೆಗ್ಗಿನಾಗ ಇಳೀತು, ಹೊರಗ ಹೋಗಾಕ ದಾರಿನ ಇಲ್ಲ, ಬೇರು ಆ ಹಂಡೆದಾಗ ಕೊಳೀತು. ಆಗಸ್ಟ್ ತಿಂಗಳು, ಜಿಟಿಜಿಟಿ ಮಳಿ, ಗಿಡ ನೋಡಿದ್ರ ಬ್ಯಾಸಿಗ್ಯಾಗ ನೀರಿಲ್ಲದ ಗಿಡದಂಗ ಬಾಡಿ ನಿಂತೈತಿ. ಬೇರು ಕೊಳೆತ ಗಿಡಕ್ಕ ನೀರು ಏರಿಸಾಕ ಆಗೂದಿಲ್ಲ, ಅದಕ್ಕ ನೀರಿನಾಗ ನಿಂತು ನೀರಡಸ್ತೈತಿ.

ಪರೀಕ್ಷಾ ಹಿಂಗ ಮಾಡ್ರಿ. ಬೊಡ್ಡಿಯಿಂದ ಎರಡಡಿ ದೂರ ಒಂದಡಿ ಆಳದ ತೆಗ್ಗು ತಗದು ತುಂಬ ನೀರು ಹಾಕ್ರಿ, ಪೂರಾ ಇಂಗಾಕ ಬಿಡ್ರಿ, ಆಮ್ಯಾಲ ಎರಡನೇ ಸಲ ತುಂಬಿ ಒಂದು ಕಡ್ಡಿ ನಿಲ್ಲಿಸಿ ಗುರ್ತು ಮಾಡ್ರಿ. ಎರಡನೇ ಸಲದ ಲೆಕ್ಕಾನ ಖರೇ ಲೆಕ್ಕ. ತಾಸಿಗೆ ಒಂದೆರಡು ಇಂಚು ಇಳದ್ರ ಚಿಂತಿ ಇಲ್ಲ, ಅರ್ಧ ಇಂಚೂ ಇಳೀಲಿಲ್ಲ ಅಂದ್ರ ನಿಮ್ಮದೂ ಹಂಡೆನ. ನಮ್ಮ ಅಂಗಳದಾಗ ಸಂಜಿಮುಂದ ತುಂಬಿದ ನೀರು ಮರುದಿನ ನಸುಕಿನ್ಯಾಗ ಹೋಗಿ ನೋಡಿದ್ರ ಇನ್ನೂ ನಿಂತಿತ್ತು. ಅಕ್ಕನ ಹಿತ್ತಲ ಕೆಂಪು ಮಣ್ಣು, ಅಲ್ಲಿ ನೀರು ತಾಸೊಪ್ಪತ್ತಿನಾಗ ಮಾಯ. ಅವತ್ತ ನನಗ ಅರ್ಧ ಉತ್ತರ ಸಿಕ್ತು.

ಇನ್ನೊಂದು, ಬೊಡ್ಡಿ ಹತ್ರ ಕೈಯಿಂದ ಮಣ್ಣು ಸರಿಸಿ ಒಂದು ಸಣ್ಣ ಬೇರು ಹಿಡದು ಜಗ್ಗಿ ನೋಡ್ರಿ. ಚಲೋ ಬೇರು ಗಟ್ಟಿ, ಒಳಗ ಬೆಳ್ಳಗ ಇರ್ತೈತಿ. ಕೊಳೆತದ್ದು ಕಂದು, ಮ್ಯಾಲಿನ ಸಿಪ್ಪಿ ಕೈಗೆ ಬಂದು ಒಳಗ ದಾರದಂಥ ಎಳಿ ಉಳೀತೈತಿ, ಗಟಾರದ ವಾಸನಿ ಬರ್ತೈತಿ.

ಗಿಡ ಸಣ್ಣದಿದ್ರ ಮಳಿಗಾಲ ಮುಗದ ಮ್ಯಾಲ ಗಡ್ಡಿ ಸಮೇತ ಎತ್ತಿ, ಅದ ಜಾಗದಾಗ ಒಂದೂವರಿ ಅಡಿ ಎತ್ತರದ ದಿಬ್ಬ ಮಾಡಿ ದಿಬ್ಬದ ಮ್ಯಾಲ ಹಚ್ರಿ. ನಾ ಹಂಗ ಮಾಡೇ ಉಳಿಸ್ಕೊಂಡೆ. ದೊಡ್ಡದಿದ್ರ ಎತ್ತಾಕ ಹೋಗಬ್ಯಾಡ್ರಿ, ಅಂಗಳದ ಇಳಿಜಾರು ನೋಡಿ ಬೊಡ್ಡಿಯಿಂದ ಮೂರಡಿ ದೂರ ಒಂದು ಕಾಲವಿ ತಗದು, ಅದಕ್ಕ ಕಡಿ ತುಂಬಿ, ನೀರು ಹೊರಗ ಹೋಗೂ ಹಂಗ ಮಾಡ್ರಿ. ದೊಡ್ಡ ತೆಗ್ಗು ತಗದು ಭಾಳ ಗೊಬ್ಬರ ತುಂಬೂದು ಎರಿ ಮಣ್ಣಿನಾಗ ಉಪಕಾರ ಅಲ್ಲ, ಇದನ್ನ ಯಾರೂ ಹೇಳೂದಿಲ್ಲ.

ಇದ ಎರಿ ಮಣ್ಣು ಬ್ಯಾಸಿಗ್ಯಾಗ ಇನ್ನೊಂದು ಆಟ ಆಡ್ತೈತಿ. ಏಪ್ರಿಲ್ ಹೊತ್ತಿಗೆ ಕೈ ಹೋಗೂ ಅಷ್ಟು ಬಿರುಕು ಬಿಡ್ತೈತಲ್ಲ, ಆ ಬಿರುಕು ಎಳೆ ಬೇರು ಹರೀತಾವು, ಒಳಗ ಬಿಸಿಗಾಳಿ ನುಗ್ತೈತಿ. ಗಿಡ ಒಮ್ಮಿಂದೊಮ್ಮೆ ಒಂದ ಮಗ್ಗಲಿಗೆ ಬಾಡಿದ್ರ ಆ ಮಗ್ಗಲಿನ ನೆಲ ನೋಡ್ರಿ, ಬಿರುಕು ಸಿಕ್ಕ ಸಿಗ್ತೈತಿ. ಬಿರುಕಿನಾಗ ಸಡಿಲ ಮಣ್ಣು ಮತ್ತ ಹಳೆ ಗೊಬ್ಬರ ತುಂಬಿ, ಮ್ಯಾಲ ನಾಕ ಬೆರಳು ದಪ್ಪ ಒಣ ಎಲಿ, ಕಬ್ಬಿನ ರವದಿ, ಶೇಂಗಾ ಹೊಟ್ಟು ಏನಾರ ಹಾಸ್ರಿ, ಬೊಡ್ಡಿಗೆ ಮಾತ್ರ ಒಂದು ಗೇಣು ಬಿಟ್ಟು. ಫೆಬ್ರುವರಿಯಾಗ ಹಾಸಿಬಿಟ್ರ ಬಿರುಕು ಬೀಳೂದ ಕಡಿಮಿ.

ಹಳೆ ಎಲಿ ಅಂಚಿನಿಂದ ಸುಟ್ಟಂಗ ಆಗೂದು

ಎಲಿ ತುದಿ ಮೊದಲು ಕಂದು, ಆಮ್ಯಾಲ ಅಂಚು ಗುಂಟ ಒಳಗ ಬರ್ತೈತಿ, ಕೆಳಗಿನ ಹಳೆ ಎಲಿಗೆ ಹೆಚ್ಚು, ಚಿಗುರಿಗೆ ಕಡಿಮಿ. ಮಂದಿ ಇದನ್ನ ಬೂಷ್ಟು ರೋಗ ಅಂತ ತಿಳದು ಶಿಲೀಂಧ್ರನಾಶಕ ಹೊಡೀತಾರ. ನೀವು ಮೊದಲು ನಿಮ್ಮ ನೀರು ನೋಡ್ರಿ. ಅವಳಿನಗರಕ್ಕ ಮಲಪ್ರಭಾ ನೀರು ಸವದತ್ತಿ ಕಡಿ ನವಿಲುತೀರ್ಥ ಡ್ಯಾಮಿನಿಂದ ಬರ್ತೈತಿ, ಆದ್ರ ನಳದ ನೀರು ದಿನಾ ಬರದ ಓಣಿಯಾಗ ಅದು ಕುಡ್ಯಾಕ ಅಡಗಿಗೆ ಸರಿಹೋಗ್ತೈತಿ, ಗಿಡಕ್ಕ ಬೋರ್ ನೀರ ಗತಿ. ಬೋರ್ ನೀರು ನಮ್ಮಲ್ಲಿ ಗಡಸು, ಕೆಲವು ಕಡೆ ಸವಳು. ಬಕೀಟಿನ ತಳದಾಗ, ಗೀಸರಿನ ಕಾಯಿಲ್ ಮ್ಯಾಲ ಬಿಳಿ ಪದರ ಕೂಡ್ತೈತಲ್ಲ, ಅದ ನಿಮ್ಮ ಗಿಡದ ಬುಡದಾಗೂ ಕೂಡಾಕತ್ತೈತಿ. ಮಣ್ಣಿನ ಮ್ಯಾಲ, ಕುಂಡದ ಹೊರಮಗ್ಗಲಿಗೆ ಬಿಳಿ ಪುಡಿ ಕಂಡ್ರ ರೋಗ ಹುಡುಕೂ ಕೆಲಸ ಬಿಡ್ರಿ.

ಇದಕ್ಕ ಮಳಿನೀರಿನಷ್ಟು ಚಲೋ ಔಷಧಿ ಇಲ್ಲ. ನಾವು ಟೆರೇಸಿನ ಪೈಪು ಒಂದು ಡ್ರಮ್ಮಿಗೆ ಬಿಟ್ಟೀವಿ, ತುಂಬಿ ಹೊರಗ ಹೋಗೂ ನೀರು ಗಿಡದ ದಿಬ್ಬಕ್ಕ. ಜೂನಿನಿಂದ ಸಪ್ಟೆಂಬರ್ ಮಟ ಉಪ್ಪು ತೊಳಕೊಂಡು ಕೆಳಗ ಇಳೀತೈತಿ, ನೀರು ಬಸದು ಹೋಗೂ ವ್ಯವಸ್ಥಾ ಇದ್ರ ಮಾತ್ರ. ಬ್ಯಾಸಿಗ್ಯಾಗ ಬೋರ್ ನೀರ ಹಾಕೂದಿದ್ರ ದಿನಾ ಒಂದೊಂದು ತಂಬಿಗಿ ಹಾಕಬ್ಯಾಡ್ರಿ, ವಾರಕ್ಕ ಎರಡು ಸಲ ಪೂರಾ ತೊಯ್ಯೂ ಹಂಗ ಹಾಕ್ರಿ. ದಿನಾ ಚೂರು ಚೂರು ಹಾಕಿದ್ರ ನೀರು ಮ್ಯಾಲ ಆವಿಯಾಗಿ ಉಪ್ಪು ಅಷ್ಟ ಉಳೀತೈತಿ. ಆರ್‌ಓ ಫಿಲ್ಟರಿನಿಂದ ಹೊರಗ ಹೋಗೂ ನೀರು ಉಳಿತಾಯ ಅಂತ ಗಿಡಕ್ಕ ಹಾಕೂದು ಕೆಲವು ಮನ್ಯಾಗ ನೋಡೀನಿ, ಅದ್ರಾಗ ಉಪ್ಪು ಇನ್ನೂ ಹೆಚ್ಚು ಇರ್ತೈತಿ, ಅದನ್ನ ನೆಲ ತೊಳ್ಯಾಕ ಬಳಸ್ರಿ.

ಅಂಚು ಬಿಟ್ಟು ಎಲಿ ನಡುವ ಬೆಳ್ಳನ, ಕಾಗದದಂಥ ಕಲಿ ಬಿದ್ದಿದ್ರ, ಅದೂ ಪಶ್ಚಿಮ ಮಗ್ಗಲಿಗೆ ಅಷ್ಟ ಇದ್ರ, ಅದು ಬಿಸಲಿಂದು. ಸಣ್ಣ ಗಿಡಕ್ಕ ಮೊದಲ ಎರಡು ಮೂರು ಬ್ಯಾಸಗಿ ಐವತ್ತು ಪರ್ಸೆಂಟಿನ ಹಸಿರು ನೆಟ್ ಪಶ್ಚಿಮಕ್ಕ ಕಟ್ರಿ. ಚಳಿಗಾಲದ ಒಣ ಮೂಡಗಾಳಿಗೂ ಅಂಚು ಒಣಗ್ತಾವು, ಆದ್ರ ಅದು ಗಾಳಿ ಬಡಿಯೂ ಮಗ್ಗಲಿಗೆ ಅಷ್ಟ ಕಾಣ್ತೈತಿ, ಉಪ್ಪಿಂದು ಸುತ್ತೂಕಡೆ ಕಾಣ್ತೈತಿ.

ಹೊಸ ಎಲಿ ಹಳದಿ, ನರ ಅಷ್ಟ ಹಸಿರು

ಇಲ್ಲಿ ಎಲ್ಲಾರೂ ಎಡವ್ತಾರ, ಯಾಕಂದ್ರ ಹಳದಿ ಕಂಡ ಕೂಡ್ಲೆ ಯೂರಿಯಾ ಹಾಕ್ತಾರ. ಹಳದಿ ಯಾವ ಎಲಿಯಿಂದ ಸುರು ಆಗೇತಿ ಅನ್ನೂದ ಮುಖ್ಯ. ಕೆಳಗಿನ ಹಳೆ ಎಲಿ ಪೂರಾ ಒಂದೇ ಸಮ ಹಳದಿ ಆಗಿ ಗಿಡ ಒಟ್ಟಾರೆ ಪೇಲವ ಇದ್ರ ಸಾರಜನಕದ ಕೊರತಿ. ಮ್ಯಾಲಿನ ಹೊಸ ಎಲಿ ಹಳದಿ ಆಗಿ ನರ ಮಾತ್ರ ಹಸಿರು ಬಲಿಯಂಗ ಉಳದ್ರ ಕಬ್ಬಿಣದ ಕೊರತಿ. ನಮ್ಮ ಎರಿ ಮಣ್ಣಿನಾಗ ಸುಣ್ಣ ಹೆಚ್ಚು. ಕಬ್ಬಿಣ ಮಣ್ಣಿನಾಗ ಇರ್ತೈತಿ, ಆದ್ರ ಸುಣ್ಣ ಅದನ್ನ ಬೇರಿಗೆ ಸಿಗದಂಗ ಹಿಡದಿಟ್ಟಿರ್ತೈತಿ.

ಸುಣ್ಣ ಐತೋ ಇಲ್ಲೋ ಅಂತ ಮನ್ಯಾಗ ನೋಡಬಹುದು. ಗಿಡದ ಹತ್ರದ ಒಣ ಮಣ್ಣಿನ ಹೆಂಟಿ ಒಂದು ತಾಟಿನಾಗ ಇಟ್ಟು ಮ್ಯಾಲ ವಿನೆಗರ್ ಹನಿಸ್ರಿ. ಬುರುಬುರು ನೊರಿ ಬಂದ್ರ ಸುಣ್ಣ ಐತಿ. ನಮ್ಮನಿ ಮಣ್ಣು ಸೋಡಾದಂಗ ಉಕ್ಕಿತು, ಅಕ್ಕನ ಹಿತ್ತಲ ಮಣ್ಣು ಸುಮ್ಮನ ಕುಂತಿತ್ತು. ಉಳಿದ ಅರ್ಧ ಉತ್ತರ ಇದು. ಒಂದು ಎಚ್ಚರಿಕಿ: ಮನಿ ಕಟ್ಟಿದಾಗ ಉಳಿದ ಸಿಮೆಂಟ್ ಮಾಲು, ಗೋಡಿ ಕೆರೆದ ಸುಣ್ಣ ಕಂಪೌಂಡಿನ ಬುಡದಾಗ ಹುಗದಿರ್ತಾರ, ಕೆಂಪು ಮಣ್ಣಿನ ಧಾರವಾಡದಾಗೂ ಗಿಡ ಹಳದಿ ಆದ್ರ ಅದನ್ನ ಹುಡುಕ್ರಿ.

ಹೀರಾಕಸ, ಅಂದ್ರ ಫೆರಸ್ ಸಲ್ಫೇಟ್, ಇಂಥ ಮಣ್ಣಿಗೆ ಹಾಕಿದ್ರ ಅದೂ ಸುಣ್ಣದ ಕೈಗೆ ಸಿಕ್ಕು ಕೆಲಸಕ್ಕ ಬರೂದಿಲ್ಲ. ಎಲಿಗೆ ಹೊಡೀರಿ, ಲೀಟರ್ ನೀರಿಗೆ 5 ಗ್ರಾಂ ಹೀರಾಕಸ, ಅದರ ಜೋಡಿ ಒಂದು ಗ್ರಾಂ ಸಿಟ್ರಿಕ್ ಆಸಿಡ್, ಸಂಜಿಮುಂದ, ಹದಿನೈದು ದಿನಕ್ಕೊಮ್ಮೆ ಎರಡು ಮೂರು ಸಲ. ಮಳಿನೀರಿನಾಗ ಕಲಸಿದ್ರ ಚಲೋ. ಮಣ್ಣಿಗೇ ಹಾಕಬೇಕಂದ್ರ ಚೀಲೇಟೆಡ್ ಐರನ್ ಅಂತ ಸಿಗ್ತೈತಿ, ಅದ್ರಾಗೂ ಇಡಿಟಿಎ ಅಲ್ಲ, ಇಡಿಡಿಎಚ್‌ಎ ಅಂತ ಬರದದ್ದು ನೋಡಿ ತಗೋರಿ. ಸುಣ್ಣದ ಮಣ್ಣಿನಾಗ ಮೊದಲನೇದು ನಿಲ್ಲೂದಿಲ್ಲ, ಎರಡನೇದು ನಿಲ್ತೈತಿ. ತುಟ್ಟಿ ಐತಿ, ಆದ್ರ ಒಂದು ಗಿಡಕ್ಕ ಎಷ್ಟು ಬೇಕು? ವರ್ಷಾ ವರ್ಷಾ ಕಾಂಪೋಸ್ಟ್ ಹಾಸ್ಕೋತ ಹೋದ್ರ ಕಾಲಾನುಕಾಲಕ್ಕ ಮ್ಯಾಲಿನ ಮಣ್ಣು ಸುಧಾರಸ್ತೈತಿ, ಹೊಸ ಎಲಿ ತಾವ ಹಸಿರಾಗಿ ಬರ್ತಾವು. ಹಳದಿ ಆದ ಎಲಿ ವಾಪಸ್ ಹಸಿರಾಗ್ಲಿಲ್ಲ ಅಂತ ಬ್ಯಾಸರ ಮಾಡ್ಕೋಬ್ಯಾಡ್ರಿ, ಮುಂದಿನ ಚಿಗುರು ನೋಡ್ರಿ.

ಸಾರಜನಕದ ಬಗ್ಗೆ ಇನ್ನೊಂದು ತಪ್ಪು ತಿಳವಳಿಕಿ ಐತಿ. "ಬ್ಯಾಳಿ ಜಾತಿ ಗಿಡ, ಬೇರಿನಾಗ ಗಂಟು ಕಟ್ಟಿ ತನ್ನ ಗೊಬ್ಬರ ತಾನ ಮಾಡ್ಕೊಳ್ತೈತಿ" ಅಂತ ಕೃಷಿ ಓದಿದವರೂ ಹೇಳ್ತಾರ. ತೊಗರಿ ಕಡ್ಲಿ ಶೇಂಗಾಕ್ಕ ಅದು ಖರೇ. ಅಶೋಕ ದ್ವಿದಳ ಬಳಗದ್ದಾದ್ರೂ ಬ್ಯಾರೆ ಕವಲಿಂದು, ಇದರ ಬೇರಿನಾಗ ಆ ಗಂಟು ಕಟ್ಟೂದಿಲ್ಲ. ಗೊಬ್ಬರ ನೀವ ಕೊಡ್ಬೇಕು.

ಎಲಿ ಮ್ಯಾಲ ಕರೀ ಮಸಿ

ಬಟ್ಟಿಂದ ಒರಸಿದ್ರ ಹೋಗೂ ಮಸಿ ಆಗಿದ್ರ ಎಲಿ ಹಿಂದ, ಕಡ್ಡಿ ಸಂದಿಗೆ ನೋಡ್ರಿ, ಬಿಳಿ ಹಿಟ್ಟಿನಂಥ ಹುಳ ಅಥವಾ ಕಂದು ಹಕ್ಕಳಿ ಅಂಟ್ಕೊಂಡಂಗ ಕಾಣೂ ಹುಳ ಇರ್ತಾವು. ಅವು ರಸ ಹೀರಿ ಸಿಹಿ ಅಂಟು ಬಿಡ್ತಾವು, ಅದರ ಮ್ಯಾಲ ಮಸಿ ಬೆಳೀತೈತಿ, ಇರುವಿ ಸಾಲು ಕಂಡ್ರಂತೂ ಖಾತ್ರಿ. ನೀರಿನ ಪೈಪಿಂದ ಜೋರಾಗಿ ತೊಳದು, ಲೀಟರಿಗೆ 5 ಎಂಎಲ್ ಬೇವಿನೆಣ್ಣಿ ಮತ್ತ ಒಂಚೂರು ಸಾಬೂನು ನೀರು ಕಲಸಿ ವಾರಕ್ಕೊಮ್ಮೆ ಹೊಡೀರಿ. ಹೂ ಇದ್ದಾಗ ಬ್ಯಾಡ, ಜೇನು ಬರ್ತಾವು.

ಬೊಡ್ಡಿ ನೋಡೂದು ಮರೀಬ್ಯಾಡ್ರಿ

ಗಿಡ ಪೂರಾ ಒಂದೇ ಸಲ ಪೇಲವ ಆಗಾಕತ್ತಿ, ಮಣ್ಣು ನೀರು ಎಲ್ಲಾ ಸರಿ ಇದ್ರ ಬೊಡ್ಡಿ ಸುತ್ತ ಒಂದು ಸುತ್ತು ಹಾಕ್ರಿ. ತೊಗಟಿ ಕೆತ್ತಿದ ಗುರ್ತು ಐತೇನು? ಅಶೋಕದ ತೊಗಟಿ ಅಶೋಕಾರಿಷ್ಟ ಅನ್ನೂ ಆಯುರ್ವೇದ ಔಷಧಿಗೆ ಬೇಕು, ಕಾಡಿನಾಗ ತೊಗಟಿ ಸುಲದು ಸುಲದು ಈ ಜಾತಿ ಕಡಿಮಿ ಆಗೇತಿ, ಅಂತಾರಾಷ್ಟ್ರೀಯ ಕೆಂಪು ಪಟ್ಟಿಯಾಗ ಅಪಾಯದ ಅಂಚಿನ ಸಾಲಿನಾಗ ಸೇರೇತಿ. ಪ್ಯಾಟ್ಯಾಗ ಇದರ ಹೆಸರಿನ್ಯಾಗ ಕಂಬದ ಮರದ ತೊಗಟಿನೂ ಬೆರಿಸಿ ಮಾರ್ತಾರ. ರಸ್ತೆ ದಂಡಿ, ಗುಡಿ ಹಿತ್ತಲ, ಪಾರ್ಕಿನಾಗ ಇರೂ ಗಿಡಕ್ಕ ಯಾರೋ ಬಂದು ಚಾಕುವಿಂದ ಕೆತ್ಕೊಂಡು ಹೋಗೂದು ನಾ ಕಣ್ಣಾರೆ ನೋಡೀನಿ, ಹೊಟ್ಟಿ ಉರೀತೈತಿ. ಸುತ್ತೂಕಡೆ ಉಂಗುರದಂಗ ಸುಲದಿದ್ರ ಎಲಿ ಮಾಡಿದ ಆಹಾರ ಬೇರಿಗೆ ಇಳಿಯೂದಿಲ್ಲ, ಬೇರು ಹಸದು ಗಿಡ ಸಾಯ್ತೈತಿ. ಒಂದ ಮಗ್ಗಲಿಗೆ ಸುಲದಿದ್ರ ಉಳೀತೈತಿ, ಗಾಯದ ಅಂಚು ಹರಿತ ಚಾಕುವಿಂದ ಸಾಪ ಮಾಡಿ, ಗಾಳಿಗೆ ಬಿಡ್ರಿ, ಸಗಣಿ ಸಿಮೆಂಟು ಏನೂ ಮೆತ್ತಬ್ಯಾಡ್ರಿ. ಮಣ್ಣಿನ ಸುರಂಗದಂಥ ಗೆರಿ ಮ್ಯಾಲ ಏರಿದ್ರ ಅದು ಗೆದ್ದಲ, ಕೆರೆದು ತಗದು ಒಳಗ ತೊಗಟಿ ಗಟ್ಟಿ ಐತೋ ಅಂತ ಉಗುರಿಂದ ಒತ್ತಿ ನೋಡ್ರಿ.

ಎಲ್ಲಾ ಚಲೋ ಐತಿ, ಹೂ ಮಾತ್ರ ಇಲ್ಲ

ಹೆಣ್ಣಮಕ್ಕಳು ಗೆಜ್ಜಿಕಾಲಿಂದ ಒದ್ರ ಅಶೋಕ ಹೂ ಬಿಡ್ತೈತಿ ಅನ್ನೂದು ಹಳೇ ಕವಿಗಳ ಮಾತು. ಓದಾಕ ಚಂದ ಐತಿ, ಅಂಗಳದಾಗ ಮೊದಲು ವಯಸ್ಸು ಕೇಳ್ರಿ. ಬೀಜದ ಗಿಡಕ್ಕ ಆರೇಳು ವರ್ಷ ಸಹಜ, ನಮ್ಮಂಥ ಒಣ ಊರಾಗ ಇನ್ನೂ ತಡ. ಕಸಿ ಗಿಡ ಬ್ಯಾಗ ಬಿಡ್ತೈತಿ. ವಯಸ್ಸು ಆಗೇತಿ ಅಂದ್ರ ಕತ್ತರಿ ಬಗ್ಗೆ ಕೇಳ್ತೀನಿ. ಈ ಗಿಡ ಹೂ ಬಿಡೂದು ಹೆಚ್ಚಾಗಿ ಹಳೆ ಟೊಂಗಿ ಮ್ಯಾಲ, ಒಮ್ಮೊಮ್ಮೆ ಬೊಡ್ಡಿ ಮ್ಯಾಲೇ. ವರ್ಷಾ ದಸರಾ ದೀಪಾವಳಿಗೆ ಅಂಗಳ ಸ್ವಚ್ಛ ಮಾಡೂ ನೆಪದಾಗ ಟೊಂಗಿ ಸವರಿ ದುಂಡಗ ಮಾಡಿದ್ರ ಫೆಬ್ರುವರಿಯ ಹೂವನ್ನ ಅಕ್ಟೋಬರಿನಾಗ ಕಡದಂಗ. ಸವರೂದಿದ್ರ ಹೂ ಮುಗದ ಮ್ಯಾಲ, ಒಣ ಟೊಂಗಿ ಅಷ್ಟ.

ಮತ್ತ ಪೂರಾ ನೆರಳು. ಕಾಡಿನ ನೆರಳಿನ ಗಿಡ ಖರೆ, ಆದ್ರ ಎರಡು ಅಪಾರ್ಟ್‌ಮೆಂಟ್ ನಡುವ ಬೆಳಕ ಬೀಳದ ಸಂದಿಯಾಗ ಎಲಿ ಬರ್ತೈತಿ, ಹೂ ಬರೂದಿಲ್ಲ. ಮುಂಜಾನಿ ಮೂರ್ನಾಕು ತಾಸು ಬಿಸಲು, ಮಧ್ಯಾಹ್ನ ನೆರಳು, ಇಷ್ಟು ಸಿಕ್ರ ಭಾಳ ಆತು. ಹುಲ್ಲುಹಾಸಿಗೆ ಹಾಕೂ ಯೂರಿಯಾ ಇದರ ಬುಡಕ್ಕೂ ಹೋಗ್ತಿದ್ರ ಎಲಿ ದಟ್ಟ, ಹೂ ನಾಪತ್ತೆ.

ನಂದು ಒಂಬತ್ತನೇ ವರ್ಷ ಬಿಟ್ತು. ಮ್ಯಾಲ ನೋಡಿ ನೋಡಿ ಸಾಕಾಗಿತ್ತು, ಅಕ್ಕನ ಮಗಳು ಬಂದಾಕಿ ಮೊಣಕಾಲು ಎತ್ತರದಾಗ ಬೊಡ್ಡಿಗೆ ಅಂಟಿದ ಒಂದು ಗೊಂಚಲು ತೋರಿಸಿ "ಮಾಮಾ, ಇಲ್ಲೇ ಐತಲ್ಲ" ಅಂದ್ಲು. ಸಂಜಿಮುಂದ ವಾಸನಿ ಬಾಗಲ ಮಟ ಬರ್ತಿತ್ತು.

ಬೀಜ ಹಾಕಿದ್ರ ಹುಟ್ಟೂದಿಲ್ಲ

ಯಾವಾಗ ಆರಿಸಿದ್ರಿ, ಎಲ್ಲಿ ಇಟ್ಟಿದ್ರಿ? ಜ್ವಾಳದ ಬೀಜದಂಗ ಒಣಗಿಸಿ ಡಬ್ಬಿಯಾಗ ಇಟ್ಟು ಮುಂದಿನ ವರ್ಷ ಹಾಕಿದ್ರ ಒಂದೂ ಹುಟ್ಟೂದಿಲ್ಲ. ಮಳಿಕಾಡಿನ ಭಾಳಷ್ಟು ಬೀಜದಂಗ ಇದೂ ಹಸಿ ಇದ್ದಾಗಷ್ಟ ಜೀವ ಇಟ್ಕೊಳ್ತೈತಿ, ಒಣಗಿದ್ರ ಸತ್ತಂಗ. ಚಪ್ಪಟಿ ಕಾಯಿ ಕರ್ರಗಾಗಿ ಒಡ್ಯಾಕ ಬಂದಾಗ ಬಿಡಿಸಿ, ಅವತ್ತ ಅಥವಾ ಎರಡು ಮೂರು ದಿನದಾಗ ಊರ್ರಿ, ತೆಂಗಿನ ನಾರಿನ ಪುಡಿ ಅರ್ಧ, ಕೆಂಪು ಮಣ್ಣು ಅರ್ಧ. ಬೀಜ ಒಂದು ಬೀಜದಷ್ಟ ಆಳ. ನೆರಳಾಗ ಇಟ್ರ ಎರಡು ಮೂರು ವಾರದಾಗ ಮೊಳಕಿ ಕಾಣ್ತೈತಿ. ದೂರದ ಊರಿಗೆ ಒಯ್ಯೂದಿದ್ರ ಒದ್ದಿ ಬಟ್ಟ್ಯಾಗ ಸುತ್ತಿ, ತೂತಿನ ಪ್ಲಾಸ್ಟಿಕ್ ಚೀಲದಾಗ ಹಾಕಿ ಒಯ್ಯಿರಿ, ಕಾರಿನ ಡಿಕ್ಕಿಯಾಗ ಬಿಸಲಿಗೆ ಬಿಟ್ಟು ಊಟಕ್ಕ ಹೋಗಬ್ಯಾಡ್ರಿ.

ಅಕ್ಕನ ಗಿಡದಾಗ ಈ ಸಲ ಕಾಯಿ ಜೋತಾಡಾಕತ್ತಾವು, ಇನ್ನೂ ಹಸಿರು ಅದಾವು. ಕರ್ರಗಾದ ದಿನ ಆಕಿ ಫೋನ್ ಮಾಡ್ತಾಳ, ನಾನು ಒದ್ದಿ ಬಟ್ಟಿ ತಗೊಂಡು ಸಾಧನಕೇರಿಗೆ ಹೋಗಾಂವ. ಹಾವೇರಿ ಗದಗ ಕಡೆಯಿಂದ ಬೀಜ ಕೇಳಿದವರು ಇಷ್ಟರಾಗ ತೆಗ್ಗಿನ ನೀರಿನ ಪರೀಕ್ಷಾ, ವಿನೆಗರ್ ಪರೀಕ್ಷಾ ಎರಡೂ ಮಾಡಿ ಇಟ್ಕೊಂಡಿರ್ರಿ. ನೀರು ನಿಲ್ಲೂ ಎರಿ ನೆಲ ಆಗಿದ್ರ ದಿಬ್ಬ ಈಗಿಂದ ಏರಿಸಾಕ ಸುರು ಮಾಡ್ರಿ.